ಆ ಮೂಗಿನವನು

ಡೆನ್ಜಿಲ್ ಪ್ರೌಟ್ ತನ್ನ ಸೊಟ್ಟ ಮೂಗನ್ನು ಬೆರಳಿನಿಂದ ಪಕ್ಕಕ್ಕೆ ತಳ್ಳಿ, ಸುಯ್ಯೆಂದು ಉಸಿರೆಳೆದ. ಲೀಡ್ಸಿನ ಆಸ್ಪತ್ರೆಯಲ್ಲಿ ತನ್ನ ಸರದಿಗಾಗಿ ಎದುರಿಗೆ ಕೂತಿದ್ದ ಐಲೀನ್‌ಗೆ ಆ ಮುಖ ಟೀವಿಯಲ್ಲಿ ಎಷ್ಟೋ ಸಲ ಕಂಡದ್ದು. ಹೆಸರು ಮಾತ್ರ ಹೊಳೆಯಲಿಲ್ಲ.

"ಕೇಳಿಸ್ತಾ? ಅರ್ಧ ಮೂಗಲ್ಲೇ ಬದುಕ್ತಿದೀಯ," ಅಂದಳು ಪಕ್ಕದಲ್ಲಿದ್ದ ಅವನ ಅಕ್ಕ. "ಒಳಗಿನ ಗಡ್ಡೆ ತೆಗೆಯೋವಾಗ್ಲೇ ಮೂಗೂ ನೆಟ್ಟಗೆ ಮಾಡ್ತಾರಂತೆ. ಒಪ್ಕೊಳೋ."

"ಈ ಮೂಗು ಹನ್ನೊಂದು ಸಲ ನೇಣಿಗೇರಿದೆ ಅಕ್ಕ."

"ಟೀವೀಲಿ ತಾನೇ!"

"ಮೂವತ್ತು ವರ್ಷ ಕಳ್ಳ, ಕಟುಕ, ಜೈಲಿನ ಕಾವಲುಗಾರ. ಒಬ್ಬ ನಿರ್ದೇಶಕನೂ ಹೆಸರು ಹಿಡಿದು ಕರೆದಿಲ್ಲ. 'ಆ ಮೂಗಿನವನನ್ನ ಕರೀರಿ' ಅಂತಾರೆ."

"ಇನ್ಮೇಲೆ ಒಳ್ಳೆಯವನ ಪಾತ್ರ ಸಿಗಬಹುದಲ್ಲ. ಪಾದ್ರಿ, ಅಜ್ಜ..."

"ನೆಟ್ಟಗಿನ ಮೂಗಿನ ಅಜ್ಜಂದಿರು ಲಂಡನ್ನಿನಲ್ಲಿ ಸಾಲುಗಟ್ಟಿ ನಿಂತಿದಾರೆ."

"ಸೊಟ್ಟಗೇ ಬಿಟ್ರೆ ಉಸಿರು ಪೂರ್ತಿ ಬರಲ್ಲ ಅಂದ್ರಲ್ಲೋ ಡಾಕ್ಟ್ರು!"

"ಬಂದಷ್ಟು ಬರಲಿ."

ಅಕ್ಕನ ದನಿ ಇಳಿಯಿತು. "ಬ್ಯಾಟ್ ಬೀಸಿ ಆ ಮೂಗನ್ನ ಮುರಿದವಳು ನಾನು. ನಿನ್ನ ಮುಖ ನೋಡಿದಾಗೆಲ್ಲ ಅದೇ ನೆನಪಾಗುತ್ತೆ ಕಣೋ."

"ನಾಟಕಶಾಲೆಯವರು ಎರಡು ಸಲ ವಾಪಸ್ ಕಳಿಸಿದ್ರು. ನನಗೆ ಕೆಲಸ ಕೊಟ್ಟಿದ್ದು ನಿನ್ನ ಏಟು. ಈಗ ಕಿತ್ಕೋಬೇಡ."

ನರ್ಸ್ ಕಾಗದ, ಪೆನ್ನು ಹಿಡಿದು ಬಂದಳು. "ಪ್ರೌಟ್ ಅವರೇ, ಮೂಗು ನೆಟ್ಟಗೆ ಮಾಡೋದಕ್ಕೂ ಇಲ್ಲೇ ಸಹಿ ಹಾಕಿಬಿಡಿ."

ಅವನು ಎದ್ದು, ಅವಳ ಹಿಂದೆ ಒಳಗೆ ನಡೆಯುತ್ತಲೇ ಹೇಳಿದ್ದು ಐಲೀನ್‌ಗೆ ಸ್ಪಷ್ಟವಾಗಿ ಕೇಳಿಸಿತು.

"ಗಡ್ಡೆ ತೆಗೀರಿ. ಮೂಗು ಮುಟ್ಟಬೇಡಿ."