ಹೊತ್ತುಗಲ್ಲಿನ ಬಾವಿ

ಬಾಗಿಲ ಚಿಲಕ ಹಾಕಿದ್ದೀರಿ ತಾನೆ? ಹಾಗಾದರೆ ಕೇಳಿ. ಇದು ಎಲ್ಲೋ ಯಾರಿಗೋ ಆದದ್ದಲ್ಲ. ನಮ್ಮ ಪಕ್ಕದ ಮನೆಯ ಕಾಜಕ್ಕನಿಗೆ ಆದದ್ದು. ಹೊಲಿಗೆ ಅಂಗಡಿಯಲ್ಲಿ ಗುಂಡಿಗೆ ಕಾಜ ಹಾಕುತ್ತಾ ಕೆಲಸ ಕಲಿತವಳು. ಈಗ ಅಂಗಡಿಯೇ ಅವಳದು, ಹೆಸರು ಮಾತ್ರ ಹಾಗೇ ಅಂಟಿಕೊಂಡಿದೆ. ಈಗಲೇ ನಕ್ಕುಬಿಡಿ, ಮುಂದೆ ನಗು ಬರುವುದಿಲ್ಲ.

ಅವತ್ತು ಶಾಲೆ ಮಕ್ಕಳ ಸಮವಸ್ತ್ರದ ರಾಶಿ ಮುಗಿಸಿ ಅವಳು ಷಟರ್ ಎಳೆದಾಗ ಬೀದಿ ಖಾಲಿ. ದಿನಾ ಹೋಗುವ ರಸ್ತೆಯನ್ನು ಪೈಪು ಹಾಕಲು ಅಗೆದಿದ್ದರು. ಹಾಗಾಗಿ ಹಾಳು ಬಾವಿಯ ಓಣಿಗೆ ತಿರುಗಿದಳು. ಬಾವಿಯಲ್ಲಿ ವಿಷಗಾಳಿ ಇದೆ, ಆ ಕಡೆ ಕಾಲಿಡಬೇಡ ಅಂತ ದೊಡ್ಡಪ್ಪ ಚಿಕ್ಕಂದಿನಿಂದ ಹೇಳಿದ್ದ. ದೊಡ್ಡಪ್ಪ ಹಾಕಿದ ಗೆರೆ ಅವಳು ದಾಟಿದವಳೇ ಅಲ್ಲ. ತಾಯಿ ಮೊದಲೇ ಇಲ್ಲ. ಅವಳಿಗೆ ಐದು ವರ್ಷ, ಜ್ವರದಲ್ಲಿ ಮೈ ಸುಡುತ್ತಿದ್ದ ದಿನವೇ ಅಪ್ಪ ಯಾವಳ ಜೊತೆಗೋ ಓಡಿಹೋದನಂತೆ. ಎತ್ತಿ ಸಾಕಿದ್ದು ದೊಡ್ಡಪ್ಪ. ಅಪ್ಪನ ಸುದ್ದಿ ಎತ್ತಿದರೆ ಸಾಕು, ಅವಳು ಎದ್ದು ಹೋಗುತ್ತಿದ್ದಳು.

ಬಾವಿಯ ಬಾಯಿಗೆ ಕಬ್ಬಿಣದ ತಗಡು ಮುಚ್ಚಿ ಬೆಸುಗೆ ಹಾಕಿದ್ದರು. ಅದನ್ನು ದಾಟುತ್ತಿದ್ದಾಗ...

ಟಣ್.

ಒಳಗಿನಿಂದ ತಗಡಿಗೆ ಸಣ್ಣ ಕಲ್ಲು ತಾಗಿದ ಸದ್ದು. ಅದು ಕೆಳಗೆ ಬಿದ್ದು ಬಂಡೆಯ ಮೇಲೆ ಟೊಕ್... ಟೊಕ್... ಅಂತ ಉರುಳಿತು. ಆಮೇಲೆ ಒಂದು ದನಿ. ತುಂಬ ಆಳದಿಂದ, ಎಳೆದೆಳೆದು.

"ಅಣ್ಣಾ... ಹಗ್ಗ ಬಿಡೋ."

"ಯಾ... ಯಾರದು?"

"ಮೇಲೆ ಯಾರಮ್ಮಾ? ನಮ್ಮಣ್ಣ ಎಲ್ಲಿ ಹೋದ?"

"ನೀವು ಯಾವಾಗ ಇಳಿದ್ರಿ?"

"ಈಗ ತಾನೆ. ಬೆವರು ಕೂಡ ಆರಿಲ್ಲ. ಕಲ್ಲು ಸಿಕ್ತು, ಮೇಲಕ್ಕೆ ಕಳಿಸ್ದೆ. ಅಷ್ಟರಲ್ಲಿ ಮುಚ್ಚಿಬಿಟ್ಟ ನೋಡು... ಅವನಿಗೆ ಎಲ್ಲಾ ತಮಾಷೆ. ಸ್ವಲ್ಪ ಬೇಗ ಬಿಡೋಕೆ ಹೇಳಮ್ಮಾ. ಮನೇಲಿ ಮಗೂಗೆ ಜ್ವರ."

ಕಾಜಕ್ಕನ ಕೈಚೀಲ ಕೆಳಗೆ ಬಿತ್ತು.

ಅವಳ ಅಪ್ಪ, ದೊಡ್ಡಪ್ಪ ಇಬ್ಬರೂ ಬಾವಿ ತೋಡುತ್ತಿದ್ದವರು. ಆ ಕೆಲಸದಲ್ಲಿ ಇಬ್ಬರಿಗೂ ಇರುವುದು ಒಂದೇ ಹಗ್ಗ. ತಳದಲ್ಲಿ ಏನಾದರೂ ಸಿಕ್ಕರೆ ಕೆಳಗಿನವನು ತನ್ನ ಸೊಂಟದ ಹಗ್ಗ ಬಿಚ್ಚಿ, ಅದಕ್ಕೆ ಕಟ್ಟಿ ಮೊದಲು ಅದನ್ನು ಮೇಲಕ್ಕೆ ಕಳಿಸುತ್ತಾನೆ. ಮೇಲಿನವನು ಹಗ್ಗವನ್ನು ಮತ್ತೆ ಇಳಿಬಿಡುತ್ತಾನೆ. ಬಿಡದೆ ಇರಬಹುದು ಅನ್ನುವ ಯೋಚನೆ ಯಾರಿಗೂ ಬರುವುದಿಲ್ಲ. ಮೇಲೆ ನಿಂತವನು ಒಡಹುಟ್ಟಿದ ಅಣ್ಣನಾದರೆ ಕೇಳಲೇಬೇಡಿ.

ಅವಳು ಮನೆಗೆ ಓಡಿದಳು. ದೊಡ್ಡಪ್ಪ ಕುರ್ಚಿಯಲ್ಲಿ ಕೂತಿದ್ದ. ವಯಸ್ಸಿಗೆ ಮರ್ಯಾದೆ ಕೊಟ್ಟು 'ಕೂತಿದ್ದರು' ಅನ್ನಬೇಕು, ಆದರೆ ನನ್ನ ಬಾಯಲ್ಲಿ ಬರುವುದಿಲ್ಲ, ಕ್ಷಮಿಸಿ. ಎಪ್ಪತ್ತು ದಾಟಿದ್ದರೂ ಒಂದು ಕೂದಲು ನೆರೆತಿರಲಿಲ್ಲ. ನೀನೇ ಅವರಿಗೆ ಅಕ್ಕನ ಥರ ಕಾಣ್ತೀಯ ಅಂತ ನಾವೆಲ್ಲ ಅವಳನ್ನು ರೇಗಿಸುತ್ತಿದ್ದೆವು.

"ದೊಡ್ಡಪ್ಪಾ, ಬಾವಿ ಓಣೀಲಿ ಬಂದೆ."

ಅವನ ಕೈ ಅಂಗಿಯ ಎದೆಯ ಮೇಲಕ್ಕೆ ಹೋಯಿತು. ಆಮೇಲೆ ಪಿಸುಗುಟ್ಟಿದ...

"ಇನ್ನೂ ಕರೀತಾನಾ?"

ಅಷ್ಟೇ. ಅವಳ ಎದೆ ಒಡೆಯಲು ಬೇರೆ ಮಾತು ಬೇಕಾಗಲಿಲ್ಲ. ಮೂವತ್ತಾರು ವರ್ಷ ಇವನ ಕೈತುತ್ತು ತಿಂದು, ತಪ್ಪಿಲ್ಲದ ಅಪ್ಪನಿಗೆ ದಿನಾ ಶಾಪ ಹಾಕಿದ್ದಳು.

ಅವನು ಅಂಗಿಯೊಳಗಿಂದ ದಾರಕ್ಕೆ ಕಟ್ಟಿದ ಕಲ್ಲು ತೆಗೆದು ತೋರಿಸಿದ. ಕೋಟಿನ ಗುಂಡಿಯಷ್ಟಿತ್ತು, ಬೂದಿ ಬಣ್ಣ. ಬಾವಿ ತೋಡುವ ಹಳಬರು ಅದನ್ನು ಹೊತ್ತುಗಲ್ಲು ಅನ್ನುತ್ತಿದ್ದರಂತೆ. ಅದರ ಚೂರು ಮೈಮೇಲಿದ್ದರೆ ವಯಸ್ಸು ಏರುವುದಿಲ್ಲ, ರಾಶಿಯ ಮೇಲೆ ನಿಂತವನಿಗೆ ಹೊತ್ತೇ ಸರಿಯುವುದಿಲ್ಲ.

"ಇದೊಂದೇ ಚೂರು ಸಿಕ್ಕಿದ್ದು. ಇಬ್ಬರಿಗೆ ಒಂದು. ಆಸೆ ಬಿತ್ತು... ಮುಚ್ಚಿಬಿಟ್ಟೆ. ತಳದ ಬಂಡೆಯೆಲ್ಲ ಇದೇ ಕಲ್ಲು ಅಂತ ನನಗೇನು ಗೊತ್ತು? ಅವನು ಸಾಯಲೇ ಇಲ್ಲ." ಆಮೇಲೆ, ಇನ್ನೂ ಸಣ್ಣಗೆ, "ನಿನ್ನ ಸಾಕ್ಲಿಲ್ವೇನಮ್ಮಾ?"

ಅವಳು ಅಟ್ಟದಿಂದ ಹಗ್ಗ ಇಳಿಸಿಕೊಂಡು, ವೆಲ್ಡಿಂಗ್ ಕೆಲಸದ ನಮ್ಮ ಭಾವನನ್ನು ಎಬ್ಬಿಸಿದಳು. ಭಾವ ತಗಡು ಕತ್ತರಿಸುವಾಗ ಚರ್ರ್ ಅನ್ನುವ ಸದ್ದು ನಮ್ಮ ಮನೆಗೂ ಕೇಳಿತು. ದೊಡ್ಡಪ್ಪ ಎಡವುತ್ತಾ ಹಿಂದೆಯೇ ಬಂದ.

"ಎಳೀಬೇಡ ಮಗಳೇ. ಕಲ್ಲಿನಿಂದ ದೂರ ಬಂದ್ರೆ ಮೂವತ್ತಾರು ವರ್ಷದ ಹಸಿವು, ಬಾಯಾರಿಕೆ ಒಂದೇ ಸಲ ಮೈಮೇಲೆ ಬೀಳುತ್ತೆ. ಅವನು ಉಳಿಯಲ್ಲ."

"ನಿನ್ನ ಮಾತು ಕೇಳಿದ್ದು ಸಾಕು."

ಅವಳು ಅವನನ್ನು 'ನೀನು' ಅಂದದ್ದು ಅದೇ ಮೊದಲು.

ಹಗ್ಗ ಇಳಿಯಿತು. ಕೆಳಗಿನಿಂದ ಎರಡು ಸಲ ಜಗ್ಗಿದ ಹಾಗಾಯಿತು. ಸೊಂಟಕ್ಕೆ ಕಟ್ಟಿಕೊಂಡಿದ್ದೇನೆ, ಎಳಿ ಅಂತ ಅದರ ಅರ್ಥ.

"ಪುಣ್ಯ ಕಟ್ಕೊಂಡೆ ಕಣಮ್ಮಾ. ಯಾರ ಮಗಳು ನೀನು?"

ಅವಳು ಹಗ್ಗವನ್ನು ಮುಂಗೈಗೆ ಸುತ್ತಿಕೊಂಡಳು. "ಮೇಲೆ ಬನ್ನಿ... ಹೇಳ್ತೀನಿ."

ಅವಳೂ ಭಾವನೂ ಎಳೆದರು. ತುಂಬು ಗಂಡಾಳಿನ ಭಾರ. ಭಾವ ತಂದು ಸಿಕ್ಕಿಸಿದ್ದ ಗಾಲಿ ಕಿರ್ರ್... ಕಿರ್ರ್... ಅನ್ನುತ್ತಿತ್ತು. ಅರ್ಧ ದಾರಿಗೆ ಬಂದಾಗ ಭಾರ ಇಳಿಯತೊಡಗಿತು. ಮೊದಲು ಸ್ವಲ್ಪ. ಆಮೇಲೆ ಇನ್ನೂ ಸ್ವಲ್ಪ. ಹಗುರಾಯಿತು ಅಂತ ಅವಳು ಇನ್ನೂ ಜೋರಾಗಿ ಎಳೆದಳು.

"ಅಮ್ಮಾ... ಯಾಕೋ ತುಂಬ ಹಸಿವು..."

ಆಮೇಲೆ ಗಾಲಿಯ ಸದ್ದೂ ನಿಂತುಹೋಯಿತು. ಹಗ್ಗ ಮಾತ್ರ ಕೈಗೆ ಬಂತು. ತುದಿಯಲ್ಲಿ ಸೊಂಟದ ಅಳತೆಯ ಕುಣಿಕೆ, ಗಂಟು ಬಿಚ್ಚಿಲ್ಲ. ಭಾವ ಬಾವಿಗೆ ದೀಪ ಇಳಿಸಿ ನೋಡಿದ. ಒಣ ಬಂಡೆ. ಏನೂ ಇಲ್ಲ.

"ಹೇಳಿದ್ನಲ್ಲ ಮಗಳೇ..." ಅಂದ ದೊಡ್ಡಪ್ಪ.

"ಹೇಳಿದೆ. ನನಗೆ ಬುದ್ಧಿ ಬಂದಾಗಿನಿಂದ ನೀನು ಹೇಳಿದ ಒಂದೇ ಒಂದು ನಿಜ. ಅದನ್ನೂ ನಂಬದ ಹಾಗೆ ಮಾಡಿಟ್ಟಿದ್ದೆ."

ಅವತ್ತಿನಿಂದ ಅವಳು ಅಂಗಡಿಯಲ್ಲೇ ಮಲಗುತ್ತಾಳೆ. ಅವನು ಅದೇ ಕುರ್ಚಿಯಲ್ಲಿ ಕೂತಿದ್ದಾನೆ, ಇನ್ನೂ ಗಟ್ಟಿಮುಟ್ಟಾಗಿ. ಅವನ ಜೊತೆ ಯಾರೂ ಮಾತಾಡುವುದಿಲ್ಲ, ಎಷ್ಟು ವರ್ಷ ಹೀಗೆ ಕೂರುತ್ತಾನೋ ಅವನಿಗೂ ಗೊತ್ತಿಲ್ಲ.

ಹಗ್ಗವನ್ನು ಅವಳು ಹೊಲಿಗೆ ಯಂತ್ರದ ಹಿಂದಿನ ಮೊಳೆಗೆ ನೇತುಹಾಕಿದ್ದಾಳೆ. ನಾಲ್ಕು ವರ್ಷ ಆಯಿತು. ಹೋದ ವಾರ ರವಿಕೆಯ ಅಳತೆ ಕೊಡಲು ಹೋದಾಗ ಇದೇ ಕೈಯಿಂದ ಮುಟ್ಟಿ ನೋಡಿದೆ, ಸುಳ್ಳು ಹೇಳಿ ನನಗೇನಾಗಬೇಕು? ಹಗ್ಗವೆಲ್ಲ ತಣ್ಣಗಿದೆ. ಕುಣಿಕೆ ಮಾತ್ರ ಬೆಚ್ಚಗಿದೆ.