ಮೊದಲನೇ ಸಾಲಿನ ಕುರ್ಚಿ

ಪ್ರದರ್ಶನದ ಬಾಗಿಲಲ್ಲಿ ನಿವೃತ್ತ ಮೇಷ್ಟ್ರ ಮುಂದೆ ಅಕ್ಕತಂಗಿಯರಿಬ್ಬರು ಸಾಲಿನಲ್ಲಿ ನಿಂತಿದ್ದರು. ಒಳಗೆ ಕಲಾವಿದ ತಂತಿಗಳ ಟೋಪಿ ತೊಟ್ಟು ಕೂರುತ್ತಾನೆ, ಅವನ ಮನಸ್ಸು ಶಾಂತವಾಗಿದ್ದರೆ ಗೋಡೆ ನೀಲಿಯಾಗುತ್ತದೆ, ಕದಡಿದರೆ ಕೆಂಪಾಗುತ್ತದೆ ಎಂದು ಫಲಕದಲ್ಲಿ ಬರೆದಿತ್ತು. ಮೇಷ್ಟ್ರು ಅದನ್ನು ಓದುತ್ತಿರುವಾಗ ತಂಗಿಯ ಮಾತು ಕಿವಿಗೆ ಬಿತ್ತು.

“ಬೇಡ ಕಣೇ ಅಕ್ಕ. ಒಳಗೆ ಕೂತಿರೋ ಭಾವ ನಿನ್ನ ನೋಡಿದ್ರೆ ರಂಪ ಆಗತ್ತೆ.”

“ನೋಡ್ಲಿ ಅಂತಾನೇ ಬಂದಿರೋದು. ಮೊದಲನೇ ಸಾಲಲ್ಲೇ ಕೂರ್ತೀನಿ.”

“ಇನ್ನೂ ಅದೇ ಸಿಟ್ಟಾ?”

“ಅಮ್ಮ ಹೋದಾಗ, ತಲೆನೋವು ಇಳಿಯತ್ತೆ ಅಂತ ಆ ಟೋಪೀನ ನನ್ನ ತಲೆಗೆ ಹಾಕಿದ್ನಲ್ಲ. ಆಮೇಲೆ ನನ್ನ ಸಂಕಟಾನೆಲ್ಲ ಗೋಡೆ ಮೇಲೆ ತೋರಿಸಿದ. ಜನ ಚಪ್ಪಾಳೆ ಹೊಡೆದ್ರು. ನನಗೆ ಗೊತ್ತಾಗಿದ್ದು ಪೇಪರ್ ನೋಡಿ.”

“ಕೇಳಿದ್ದಕ್ಕೆ ಏನಂದ್ರು?”

“ಅತ್ತಿದ್ದು ನೀನು, ಅದನ್ನ ಕಲೆ ಮಾಡಿದ್ದು ನಾನು ಅಂದ. ಅವತ್ತೇ ಮನೆ ಬಿಟ್ಟೆ. ಈಗ ನೋಡು, ಮನಸ್ಸನ್ನೇ ಗೆದ್ದೋನ ಹಾಗೆ ಕೂತಿದಾನೆ, ಮಹಾಋಷಿ!”

ತಂಗಿ ಕಿಸಕ್ಕನೆ ನಕ್ಕಳು. “ಸರಿ, ಬೈತೀಯಾ?”

“ಬೈದ್ರೆ ಅದನ್ನೂ ಕಲೆ ಅಂತಾನೆ. ಒಂದು ಮಾತೂ ಆಡಲ್ಲ. ಅವನು ಕಣ್ಣು ಬಿಟ್ಟಾಗ ಎದುರಿಗೆ ನಾನಿರ್ಬೇಕು, ಅಷ್ಟೆ.”

“ಗೋಡೆ ನೀಲಿಯಾಗೇ ಇದ್ರೆ?”

ಅಕ್ಕ ಸೆರಗು ಸರಿಮಾಡಿಕೊಂಡು ಒಳಗೆ ನಡೆದಳು, ತಂಗಿಯೂ ಹಿಂಬಾಲಿಸಿದಳು. ಕುರ್ಚಿಗಳು ಭರ್ತಿಯಾದವೆಂದು ಕಾವಲಿನವನು ಬಾಗಿಲು ಮುಚ್ಚಿಬಿಟ್ಟ.

ಮೇಷ್ಟ್ರು ಹೊರಗೇ ಉಳಿದರು. ಬಾಗಿಲ ಕೆಳಗಿನ ಸಂದಿಯಿಂದ ನೀಲಿ ಬೆಳಕು ಅವರ ಚಪ್ಪಲಿಯವರೆಗೂ ಹರಿದು ಬಂದಿತ್ತು. ಬಹಳ ಹೊತ್ತು ಹಾಗೇ ಇತ್ತು. ಆಮೇಲೆ ಒಮ್ಮೆಲೇ ಕೆಂಪಾಯಿತು, ಕೆಂಪಾಗಿಯೇ ಉಳಿಯಿತು.

ಒಳಗೆ ಜನ ಚಪ್ಪಾಳೆ ಹೊಡೆಯತೊಡಗಿದರು.