ತೆಂಕಣಕ್ಕೆ ತೇಲಿದ ಕಾಯಿ

ನಿನ್ನೆ ಪ್ರವಚನ ಮುಗಿದು ಎಲ್ಲರೂ ಬಾಗಿಲ ಬಳಿ ಚಪ್ಪಲಿ ಹುಡುಕುತ್ತಿದ್ದಾಗ ಒಬ್ಬ ತಾಯಿ ನನ್ನ ಹತ್ತಿರ ಬಂದರು. ಕಂಬ ಹಿಡಿದು ನಿಂತು ಮೆಲ್ಲಗೆ ಕೇಳಿದರು: "ಅಕ್ಕಾ, ಇಷ್ಟು ದಿವಸದಿಂದ ಕೋಪ ಬಿಡಿ, ಕೋಪ ಬಿಡಿ ಅಂತ ಹೇಳ್ತಾ ಇದ್ದೀರಿ. ನಮ್ಮ ಮನೆಯಲ್ಲಿ ಕೋಪವೇ ಇಲ್ಲ. ಯಾರೂ ಯಾರಿಗೂ ಒಂದು ಗಟ್ಟಿ ಮಾತು ಆಡುದಿಲ್ಲ. ಆದರೂ ಮನೆಗೆ ಹೋಗುವಾಗ ಕಾಲು ಭಾರ ಆಗ್ತದೆ. ಅದು ಎಂತಕ್ಕೆ?"

ಉತ್ತರಕ್ಕೆ ನಾಳೆ ಬನ್ನಿ ಎಂದೆ. ಬಂದಿದ್ದಾರೆ. ಎಲ್ಲಿ ಕೂತಿದ್ದಾರೆಂದು ನಾನು ತೋರಿಸುವುದಿಲ್ಲ, ನೀವೂ ಕತ್ತು ತಿರುಗಿಸಿ ಹುಡುಕಬೇಡಿ. ಈ ಕಥೆ ಕೇಳಿ.

ಕಡಲಿಗೆ ಮುಖ ಮಾಡಿದ ಒಂದು ಊರಲ್ಲಿ ಒಬ್ಬ ಸಾಹುಕಾರನಿದ್ದ. ಯಂತ್ರದ ಹಡಗುಗಳು ಇನ್ನೂ ಹುಟ್ಟದ ಕಾಲ ಅದು. ಹಾಯಿ ತುಂಬಿದರೆ ಪಯಣ, ಗಾಳಿ ಸತ್ತರೆ ನೀರಿನ ನಡುವೆಯೇ ವಾಸ. ಹಡಗು ಕಟ್ಟಿಸಿ ದಂಡೆಯಲ್ಲಿ ಕೂರುವ ಸಾಹುಕಾರರು ಬಹಳ ಮಂದಿ. ಇವನು ಹಾಗಲ್ಲ, ತಾನೇ ಹತ್ತುತ್ತಿದ್ದ. ಗಾಳಿಯ ವಿಷಯದಲ್ಲಿ ಅವನನ್ನು ಮೀರಿಸಿದವರಿರಲಿಲ್ಲ. ಬೆಳಿಗ್ಗೆ ಅಂಗಳದಲ್ಲಿ ಮುಖವೆತ್ತಿ ನಿಂತರೆ, ಗಾಳಿ ಎತ್ತಣದು, ಮಧ್ಯಾಹ್ನಕ್ಕೆ ಎತ್ತ ತಿರುಗೀತು, ಹೇಳಿಬಿಡುತ್ತಿದ್ದ. ಎದುರು ಗಾಳಿಗೂ ಹೆದರುವವನಲ್ಲ. ನೋಡಿ, ಎದುರು ಗಾಳಿಗೆ ನೇರವಾಗಿ ನುಗ್ಗಲು ಯಾವ ಹಾಯಿಗೂ ಆಗದು. ಒಮ್ಮೆ ಬಲಕ್ಕೆ ಓರೆಯಾಗಿ, ಒಮ್ಮೆ ಎಡಕ್ಕೆ ಓರೆಯಾಗಿ, ಬಟ್ಟೆಯ ಅಂಚಿಗೆ ಹೊಲಿಗೆ ಹಾಕಿದ ಹಾಗೆ ಹೋಗಬೇಕು. ಅದರಲ್ಲಿ ಅವನ ಕೈ ಪಳಗಿತ್ತು.

ಮನೆಯ ಬಗ್ಗೆಯೂ ಅವನಿಗೆ ಹೆಮ್ಮೆ. "ನಮ್ಮಲ್ಲಿ ಇವತ್ತಿನವರೆಗೆ ಒಂದು ಜಗಳ ಆದದ್ದಿಲ್ಲ" ಎನ್ನುತ್ತಿದ್ದ.

"ಅದು ಅಮ್ಮನವರ ಗುಣ, ಒಡೆಯರೇ" ಎಂದು ತಾಂಡೇಲ ನಗುತ್ತಿದ್ದ. ತಾಂಡೇಲ ಎಂದರೆ ಹಡಗು ನಡೆಸುವ ಹಿರಿಯ. "ನಮ್ಮ ಮನೆಗೆ ಒಂದು ದಿವಸ ಬನ್ನಿ. ಬಿರುಗಾಳಿ ಎಂತದು ಅಂತ ತೋರಿಸ್ತೇನೆ."

ಆ ಹೆಂಡತಿಯ ತವರು ತೆಂಕಣ ದಿಕ್ಕಿನ ಒಂದು ಸಣ್ಣ ರೇವು. ದಾರಿಯಲ್ಲಿ ಎಷ್ಟೋ ಹೊಳೆಗಳು ಕಡಲಿಗೆ ಬಾಯಿ ತೆರೆದಿದ್ದವು. ಹೆಣ್ಣುಮಗಳು ಒಬ್ಬಳೇ ದಾಟಿ ಹೋಗುವ ಹಾದಿಯಲ್ಲ. ಹೋಗುವುದಿದ್ದರೆ ಹಡಗಿನಲ್ಲೇ ಹೋಗಬೇಕು. ಗಂಡನ ಹಡಗಿಗೆ ಆ ಕಡೆ ವ್ಯಾಪಾರವಿರಲಿಲ್ಲ; ಮದುವೆಗೆ ಒಮ್ಮೆ ಹೋಗಿ ಬಂದದ್ದು ಬಿಟ್ಟರೆ ಅವನು ಅತ್ತ ತಲೆ ಹಾಕಿರಲಿಲ್ಲ. ಮದುವೆಯಾದ ಹೊಸತರಲ್ಲಿ ಅವಳು ಕೇಳಿದಳು: "ಒಂದು ಸಲ ಅಮ್ಮನನ್ನು ನೋಡಿ ಬರುವನಾ?" ಅವನು ಬೈಯಲಿಲ್ಲ. "ಈ ವರ್ಷ ಬೇಡ. ಮುಂದಿನ ವರ್ಷ ನಾನೇ ಕರ್ಕೊಂಡು ಹೋಗ್ತೇನೆ" ಎಂದ. ಮುಂದಿನ ವರ್ಷವೂ ಕೇಳಿದಳು. ಅದರ ಮುಂದಿನ ವರ್ಷವೂ ಕೇಳಿದಳು. ಆಮೇಲೆ ಕೇಳುವುದನ್ನು ಬಿಟ್ಟಳು.

ಕೇಳುವುದನ್ನು ಬಿಟ್ಟಳು. ಅವನು, ಮರೆತಳು ಎಂದುಕೊಂಡ.

ಈಗ ಆ ಊರಿನ ಒಂದು ಪದ್ಧತಿ ಹೇಳಬೇಕು. ಮಳೆಗಾಲದಲ್ಲಿ ಕಡಲು ಮುಚ್ಚಿರುತ್ತದೆ. ನೂಲ ಹುಣ್ಣಿಮೆಯ ದಿನ ಊರವರೆಲ್ಲ ದಂಡೆಗೆ ಬಂದು, ಕಡಲಿಗೆ ಹಾಲೆರೆದು, ತೆಂಗಿನಕಾಯಿ ಬಿಟ್ಟು, ದಾರಿ ಕೊಡು ಎಂದು ಬೇಡುತ್ತಾರೆ. ಆ ಊರಿನಲ್ಲಿ ಇನ್ನೂ ಒಂದು ನಿಯಮವಿತ್ತು. ಹಡಗು ಹತ್ತುವ ಗಂಡಸು ಕಾಯಿ ಬಿಟ್ಟ ಮೇಲೆ ಬೆನ್ನು ತಿರುಗಿಸಿ ಬರಬೇಕು, ಹಿಂದಿರುಗಿ ನೋಡಬಾರದು. ಕೊಟ್ಟದ್ದನ್ನು ನೋಡುತ್ತ ನಿಂತರೆ ವಾಪಸು ಕೇಳಿದ ಹಾಗೆ, ಅಂತ. ಹೆಂಗಸರಿಗೆ ಆ ನಿಯಮವಿರಲಿಲ್ಲ, ಅವರು ಹಡಗು ಹತ್ತುವವರಲ್ಲವಲ್ಲ. ಅವರು ತಮ್ಮ ಪಾಲಿನ ಕಾಯಿ ಬಿಟ್ಟು, ಅದು ಕಣ್ಣಿಗೆ ಕಾಣುವಷ್ಟು ಹೊತ್ತು ನಿಲ್ಲುತ್ತಿದ್ದರು. ಸಾಹುಕಾರನ ಹೆಂಡತಿ ಎಲ್ಲರಿಗಿಂತ ತಡವಾಗಿ ಮನೆಗೆ ಬರುತ್ತಿದ್ದಳು. ತನ್ನ ಹಡಗಿನ ಕ್ಷೇಮಕ್ಕೆ ಅಷ್ಟು ಹೊತ್ತು ಬೇಡುತ್ತಾಳೆ ಎಂದು ಅವನಿಗೆ ಒಳಗೊಳಗೇ ಸಂತೋಷ.

ಯೋಚಿಸಿ. ಕಾಯಿ ಯಾವ ಕಡೆಗೆ ತೇಲಿತೆಂದು ಆ ಊರಿನಲ್ಲಿ ಯಾರು ಕಂಡವರು? ಕಡಲಿಗೆ ಎಂದೂ ಇಳಿಯದವರು. ಕಡಲಿಗೆ ಇಳಿಯುವವರು ಯಾರೂ ಕಾಣಲಿಲ್ಲ.

ಪಡುವಣ ಕಡಲಿನಲ್ಲಿ, ನೆಲ ಕಾಣದಷ್ಟು ದೂರದಲ್ಲಿ, ದ್ವೀಪಗಳಿವೆ ಎಂಬ ಮಾತು ಆ ಕಾಲದಲ್ಲಿ ಹಬ್ಬಿತ್ತು. ಆ ರೇವಿನ ಯಾವ ಹಡಗೂ ಅಲ್ಲಿಗೆ ಹೋಗಿರಲಿಲ್ಲ. ಎಲ್ಲರೂ ಗುಡ್ಡಸಾಲು ಕಾಣುವಂತೆ ದಂಡೆಗುಂಟ ಹೋಗುವವರು. ತಾನೇ ಮೊದಲು ಮುಟ್ಟಬೇಕು ಎಂದು ಸಾಹುಕಾರನ ಆಸೆ. ಒಂದು ವರ್ಷ ನೂಲ ಹುಣ್ಣಿಮೆ ಕಳೆದದ್ದೇ ಹೊರಡಲು ನಿಂತ.

"ದೀಪಾವಳಿ ಕಳೀಲಿ ಒಡೆಯರೇ" ಎಂದ ತಾಂಡೇಲ. "ಆಗ ನೆಲದ ಕಡೆಯಿಂದ ಗಾಳಿ ಬರ್ತದೆ. ಬೆನ್ನಿಗೆ ಕೈ ಇಟ್ಟು ದೂಡಿದ ಹಾಗೆ ಹೋಗ್ಬಹುದು."

"ದೀಪಾವಳಿ ಕಳೆದ ಮೇಲೆ ಯಾರು ಬೇಕಾದ್ರೂ ಹೋಗ್ತಾರೆ. ನಾನು ಈಗಲೇ ಹೋಗುದು."

"ಈಗ ಗಾಳಿ ಎದುರು."

"ಎದುರು ಗಾಳಿ ನನಗೆ ಹೊಸತಾ?"

ಹೊರಡುವ ಬೆಳಿಗ್ಗೆ ಹೆಂಡತಿ ಅವಲಕ್ಕಿಯ ಗಂಟು ಕೊಟ್ಟಳು. "ಆ ದ್ವೀಪದಲ್ಲಿ ಯಾರಿದ್ದಾರೆ?" ಎಂದು ಕೇಳಿದಳು.

"ಯಾರಿದ್ದಾರೋ, ಯಾರಿಗೆ ಗೊತ್ತು?"

"ಯಾರೂ ಗೊತ್ತಿಲ್ಲದ ಕಡೆಗೆ ಹೋಗ್ತೀರಿ" ಎಂದಳು. ಅಷ್ಟೇ. ಅವನು ನಕ್ಕು ಹಡಗು ಹತ್ತಿದ. ಆ ಮಾತಿನ ಅರ್ಧ ಅವಳ ಬಾಯಲ್ಲೇ ಉಳಿದಿತ್ತು. ಉಳಿದ ಅರ್ಧ ಯಾವುದು? ತಾಯಂದಿರಿಗೆ ನಾನು ಹೇಳಬೇಕಾಗಿಲ್ಲ.

ಹಡಗು ಪಡುವಣಕ್ಕೆ ಹೋಯಿತು. ಗಾಳಿ ಎದುರಿಗಿತ್ತು; ಅವನು ಓರೆ ಓರೆಯಾಗಿ ಹೊಲಿಗೆ ಹಾಕುತ್ತ ಹೋದ. ನೆಲ ಮರೆಯಾಯಿತು. ಮುಂಭಾಗದಲ್ಲಿ ನೀರು ಸೀಳಿ ನೊರೆ ಹಿಂದಕ್ಕೆ ಓಡುತ್ತಿತ್ತು. ಅದನ್ನು ನೋಡಿ, ಎಂಥ ಓಟ ಎಂದು ಹಿಗ್ಗಿದ. ಆದರೆ ದ್ವೀಪ ಬರಲಿಲ್ಲ. ಇವತ್ತು ಬಂದೀತು, ನಾಳೆ ಬಂದೀತು. ಮಳೆಗಾಲದ ಮೋಡ ಇನ್ನೂ ಚದುರಿರಲಿಲ್ಲ. ದಾರಿ ಹೇಳುವ ನಕ್ಷತ್ರ ಒಂದೂ ಕಾಣದು. ಪೀಪಾಯಿಯ ಸಿಹಿನೀರು ತಳ ಮುಟ್ಟಿತು.

ಏನಾಗಿತ್ತು, ಗೊತ್ತೇ? ಕಡಲಿಗೆ ಗಾಳಿ ಮಾತ್ರವಲ್ಲ, ಸೆಳವೂ ಇದೆ. ಹೊಳೆಯೊಳಗೆ ಹೊಳೆ ಇದ್ದ ಹಾಗೆ ಇಡೀ ನೀರೇ ಒಂದು ಕಡೆಗೆ ನಡೆಯುತ್ತಿರುತ್ತದೆ. ಮಳೆ ಮುಗಿಯುವ ಆ ದಿನಗಳಲ್ಲಿ ಅದು ತೆಂಕಣಕ್ಕೆ. ಹಡಗು ಪಡುವಣಕ್ಕೆ ಓಡುತ್ತಿತ್ತು, ಹಡಗನ್ನು ಹೊತ್ತ ನೀರು ತೆಂಕಣಕ್ಕೆ ಹೋಗುತ್ತಿತ್ತು. ಗಾಳಿ ಕೆನ್ನೆಗೆ ಬಡಿಯುತ್ತದೆ, ಹಾಯಿ ಹರಿಯುತ್ತದೆ, ಸದ್ದು ಮಾಡುತ್ತದೆ. ಸೆಳವು ಏನೂ ಮಾಡುವುದಿಲ್ಲ. ಒಂದು ಹಗ್ಗವನ್ನೂ ಅಲುಗಿಸುವುದಿಲ್ಲ. ಸುಮ್ಮನೆ ಒಯ್ಯುತ್ತದೆ.

"ನೀರು ನಮ್ಮನ್ನು ಎತ್ತಲಾಗೋ ಎಳೀತಾ ಉಂಟು ಅಂತ ಕಾಣ್ತದೆ" ಎಂದ ತಾಂಡೇಲ. "ನಿಂತ ದೋಣಿಗೆ ಮಾತ್ರ ಅದು ಗೊತ್ತಾಗುದು. ಇಲ್ಲಿ ನಿಲ್ಲುದು ಹೇಗೆ? ಲಂಗರು ಬಿಟ್ಟರೆ ತಳ ಸಿಕ್ಕುದಿಲ್ಲ."

"ತಿರುಗಿಸು" ಎಂದ ಸಾಹುಕಾರ, ಒಣಗಿದ ಬಾಯಲ್ಲಿ. "ಮೂಡಣಕ್ಕೆ ನೇರ ಹೋಗುವ. ನಮ್ಮೂರು ಸಿಗ್ತದೆ."

ಮೂಡಣಕ್ಕೆ ನೇರ ಬಂದರು. ನೆಲ ಕಂಡಿತು, ಅವರ ಊರಿನ ನೆಲವಲ್ಲ. ಬೇರೆ ಗುಡ್ಡ, ಬೇರೆ ಹೊಳೆಬಾಯಿ. ನೀರು ಸಿಕ್ಕರೆ ಸಾಕೆಂದು ಸಾಹುಕಾರ ಸಣ್ಣ ದೋಣಿಯಲ್ಲಿ ಇಳಿದು, ಮರಳು ಹತ್ತಿ, ಮೊದಲು ಕಂಡ ಮನೆಯ ಮುಂದೆ ನಿಂತು ನೀರು ಕೇಳಿದ. ಒಬ್ಬ ಮುದುಕಿ ಚೊಂಬಿನಲ್ಲಿ ನೀರು ತಂದಳು, ಜೊತೆಗೆ ಒಂದು ತುಂಡು ಬೆಲ್ಲ. ಅವನು ಕುಡಿಯುವಷ್ಟು ಹೊತ್ತು ಅವನ ಮುಖವನ್ನೇ ನೋಡುತ್ತಿದ್ದಳು. ಆಮೇಲೆ ಚೊಂಬು ತೆಗೆದುಕೊಳ್ಳುವುದನ್ನೂ ಮರೆತು ಮರಳಿನತ್ತ ನಡೆದಳು. ಹಣೆಗೆ ಕೈ ಅಡ್ಡ ಹಿಡಿದು ಹಡಗನ್ನು ನೋಡಿದಳು.

"ಅವಳನ್ನು ಎಂತಕ್ಕೆ ಇಳಿಸಲಿಲ್ಲ, ಅಳಿಯಂದಿರೇ? ಸೀತು ಹಡಗಲ್ಲೇ ಕೂತಿದ್ದಾಳಾ?"

ಸೀತು. ಅವನ ಮನೆಯಲ್ಲಿ ಯಾರೂ ಆ ಹೆಸರು ಕರೆಯುತ್ತಿರಲಿಲ್ಲ. ಅಲ್ಲಿ ಅವಳು ಅಮ್ಮನವರು, ಅತ್ತಿಗೆ, ಇವಳು. ಒಂದು ಕ್ಷಣ ಯಾರ ಮಾತು ಇದು ಎಂದೇ ಅವನಿಗೆ ಹೊಳೆಯಲಿಲ್ಲ. ಹೊಳೆದಾಗ, ಕೈಯಲ್ಲಿದ್ದ ಚೊಂಬನ್ನು ಕೆಳಗಿಟ್ಟ.

"ಅವಳು ಬರಲಿಲ್ಲ. ನಾವು ದಾರಿ ತಪ್ಪಿ ಬಂದದ್ದು."

ಮುದುಕಿ ಕೈ ಇಳಿಸಿದಳು. "ಹೌದಾ" ಎಂದಳು. "ದಾರಿ ಗೊತ್ತಿದ್ದವರು ಯಾರೂ ಬರಲಿಲ್ಲ. ತಪ್ಪಿದವರಾದರೂ ಬಂದಿರಲ್ಲ, ಒಳಗೆ ಬನ್ನಿ. ಗಂಜಿ ಉಂಟು."

ಒಳಗೆ ಗೋಡೆಯ ಬುಡದಲ್ಲಿ ಹಳೆಯ ತೆಂಗಿನಕಾಯಿಗಳು ಸಾಲಾಗಿದ್ದವು. ಉಪ್ಪುನೀರಿಗೆ ಬಿಳಿಚಿ, ಬಿರಿದು, ಅಡುಗೆಗೆ ಬಾರದವು. ಇವು ಯಾತಕ್ಕೆ ಎಂದು ಕೇಳಿದ.

"ನೂಲ ಹುಣ್ಣಿಮೆ ಕಳೆದ ಮೇಲೆ ಬಡಗಿನಿಂದ ತೇಲಿಕೊಂಡು ಬರ್ತವೆ. ಮದುವೆಯಾಗಿ ಹೋಗುವಾಗ ಅವಳು ಹೇಳಿದ್ದಳು, ಅಮ್ಮಾ, ನೀರು ನಿನ್ನ ಕಡೆಗೆ ಹೋಗುವಾಗ ಒಂದು ಕಾಯಿ ಬಿಡ್ತೇನೆ, ಅಂತ."

"ಇದು ಅವಳದ್ದೇ ಅಂತ ಹೇಗೆ ಗೊತ್ತು? ಬಡಗಿನಲ್ಲಿ ಎಷ್ಟು ಊರು, ಎಷ್ಟು ಜನ ಬಿಡ್ತಾರೆ."

"ಗೊತ್ತಿಲ್ಲ" ಎಂದಳು ಮುದುಕಿ. "ಅದಕ್ಕೇ ಬಂದದ್ದನ್ನೆಲ್ಲ ಒಳಗೆ ತರ್ತೇನೆ. ಅವಳದ್ದು ಹೊರಗೆ ಉಳಿಯಬಾರದಲ್ಲ."

ಅವನು ಗಂಜಿಯ ಬಟ್ಟಲಿಗೆ ಕೈ ಹಾಕಲಿಲ್ಲ.

ಮರುದಿನವೇ ಊರಿಗೆ ಹೊರಡಲು ನೋಡಿದ. ಬೆಳಗಿನಿಂದ ಬಡಗಣಕ್ಕೆ ಹಾಯಿ ತಿರುಗಿಸಿ, ಓರೆ ಓರೆಯಾಗಿ ಹಾದು, ಬೆವರು ಸುರಿಸಿ, ಸಂಜೆ ತಲೆಯೆತ್ತಿದರೆ ಪಕ್ಕದಲ್ಲಿ ಅದೇ ಗುಡ್ಡ.

"ಆ ಗುಡ್ಡಕ್ಕೆ ನಮ್ಮ ಮೇಲೆ ಭಾರೀ ಪ್ರೀತಿ, ಒಡೆಯರೇ" ಎಂದ ತಾಂಡೇಲ. "ಬೆಳಿಗ್ಗೆಯಿಂದ ಬಿಟ್ಟು ಹೋಗ್ತಾ ಇಲ್ಲ."

ಸಾಹುಕಾರ ಲಂಗರು ಇಳಿಸಲು ಹೇಳಿದ. ಇಲ್ಲಿ ತಳ ಸಿಕ್ಕಿತು. ಹಡಗು ನಿಂತಿತು. ಅವನು ಅಂಚಿನಲ್ಲಿ ಕೂತು ಒಂದು ಕಾಯಿ ನೀರಿಗೆ ಬಿಟ್ಟ. ಈ ಸಲ ಬೆನ್ನು ತಿರುಗಿಸಲಿಲ್ಲ. ಗಾಳಿಯ ಲೆಕ್ಕವೇ ಇಲ್ಲದೆ, ಯಾರೋ ಕೈ ಹಿಡಿದು ಕರೆದುಕೊಂಡು ಹೋದ ಹಾಗೆ, ಕಾಯಿ ತೆಂಕಣಕ್ಕೆ ಹೋಯಿತು. ಅದು ಕಾಣದಾಗುವವರೆಗೆ ನೋಡಿದ. ತನ್ನ ಊರಿನ ದಂಡೆಯಲ್ಲಿ ಅವಳು ಅಷ್ಟು ಹೊತ್ತು ಏನು ನೋಡುತ್ತಿದ್ದಳೆಂದು ಅವನಿಗೆ ಆಗ ತಿಳಿಯಿತು. ಅವಳು ಬೇಡುತ್ತಿರಲಿಲ್ಲ. ಹೋಗುತ್ತಿದ್ದಳು.

ಸೆಳವು ತಿರುಗುವವರೆಗೆ ಅಲ್ಲೇ ಕಾದರು. ದೀಪಾವಳಿಯ ಹೊತ್ತಿಗೆ ನೀರು ಬಡಗಣಕ್ಕೆ ನಡೆಯತೊಡಗಿತು. ಹೊರಡುವಾಗ ಅವನು ಅತ್ತೆಯನ್ನು ಕರೆದ: "ನೀವೇ ಬನ್ನಿ, ಮಗಳನ್ನು ನೋಡಿಕೊಂಡು ಬರಬಹುದು." ಮುದುಕಿ ಒಪ್ಪಲಿಲ್ಲ. "ನಾನು ಅಲ್ಲಿಗೆ ಬಂದರೆ ನಿಮ್ಮ ಮನೆಯ ನೆಂಟಳು. ಅವಳಿಗೆ ಬೇಕಾದದ್ದು ನೆಂಟರಲ್ಲ. ಈ ಬಾವಿಕಟ್ಟೆಯಲ್ಲಿ ಕಾಲು ಇಳಿಬಿಟ್ಟು ಕೂರಬೇಕು ಅವಳು" ಎಂದಳು.

ಹಡಗು ಊರಿಗೆ ಬಂದಾಗ ದಂಡೆಯ ತುಂಬ ಜನ. ದ್ವೀಪ ಸಿಕ್ಕಿತಾ, ದ್ವೀಪ ಸಿಕ್ಕಿತಾ ಎಂದು ಎಲ್ಲರದೂ ಒಂದೇ ಪ್ರಶ್ನೆ. ಅವನು ಜನರನ್ನು ದಾಟಿ ನೇರ ಮನೆಗೆ ಹೋಗಿ, ಹೊಸ್ತಿಲಲ್ಲಿ ನಿಂತ ಹೆಂಡತಿಗೆ ಹೇಳಿದ:

"ಸೀತು, ನಿನ್ನ ಕಾಯಿ ಮುಟ್ಟಿದೆ."

ಅವಳು ಅವನ ಮುಖ ನೋಡಿದಳು. ಕಾಲು ತೊಳೆಯಲು ತಂದಿದ್ದ ನೀರಿನ ಚೊಂಬನ್ನು ಮೆಲ್ಲನೆ ಕೆಳಗಿಟ್ಟಳು. ನಂತರ ಅವಳ ಬಾಯಿಂದ ಬಂದದ್ದು ಸಂತೋಷದ ಮಾತಲ್ಲ. "ಇಷ್ಟು ವರ್ಷ ಬೇಕಾಯಿತಾ ನಿಮಗೆ?" ಎಂದು ಶುರುಮಾಡಿದಳು. ಮೊದಲ ಸಲ ಕೇಳಿದ ದಿನದಿಂದ ಕೊನೆಯ ಸಲ ಕೇಳದೆ ಬಿಟ್ಟ ದಿನದವರೆಗೆ, ಒಂದನ್ನೂ ಬಿಡದೆ ಹೇಳಿದಳು. ದನಿ ಏರಿತು. ಪಕ್ಕದ ಮನೆಯವರು ಬೇಲಿಗೆ ಬಂದು ನಿಂತರು. ಆ ಮನೆಯ ಮೊದಲ ಜಗಳ ಅದು. ಸಾಹುಕಾರ ಜಗಲಿಯಲ್ಲಿ ಕೂತು ಪೂರ್ತಿ ಕೇಳಿದ. ನಡುವೆ ಎದ್ದು ಹೋಗಲಿಲ್ಲ.

ದ್ವೀಪ ಏನಾಯಿತು ಎನ್ನುತ್ತೀರಾ? ನೆಲದ ಗಾಳಿ ಬೀಸಿದಾಗ ಬೇರೆ ಯಾರೋ ಹೋಗಿ ಮೊದಲು ಮುಟ್ಟಿದರು. ಅದೇ ಗಾಳಿಯಲ್ಲಿ ಇವನ ಹಡಗು ತೆಂಕಣಕ್ಕೆ ಹೊರಟಿತು. ಸೆಳವು ಈಗ ಎದುರಿಗಿತ್ತು, ಪಯಣ ನಿಧಾನವಾಯಿತು. ನಿಧಾನವಾದದ್ದಕ್ಕೆ ಈ ಸಲ ಯಾರೂ ಬೇಸರಪಡಲಿಲ್ಲ. ಬಾವಿಕಟ್ಟೆ ಅಲ್ಲೇ ಇತ್ತು. ಮುದುಕಿಯೂ ಇದ್ದಳು.

ಕಥೆ ಮುಗಿಯಿತು. ಈಗ ನಿಮ್ಮ ಮನೆಗೆ ಬರೋಣ.

ಮನೆಯ ಗಾಳಿ ನಮಗೆಲ್ಲ ಗೊತ್ತು. ಯಾರಿಗೆ ಬೇಗ ಸಿಟ್ಟು, ಯಾರು ಪಾತ್ರೆ ಕುಕ್ಕುತ್ತಾರೆ, ಯಾವಾಗ ಓರೆಯಾಗಿ ಹಾದುಹೋದರೆ ಬಚಾವು. ನೋಡಿ, ಹಿಂದೆ ಕೂತ ಅಣ್ಣಂದಿರು ನಗುತ್ತಿದ್ದಾರೆ; ಅದರಲ್ಲಿ ಅವರೂ ಪಳಗಿದವರೇ. ಆದರೆ ಸೆಳವು? ಯಾರು ಏನನ್ನು ಕೇಳುವುದನ್ನು ಬಿಟ್ಟಿದ್ದಾರೆ? ಅದು ಗೊತ್ತೇ? ಮನೆ ಓಡುತ್ತಿದೆ, ನೊರೆ ಹಾರುತ್ತಿದೆ, ಮಕ್ಕಳ ಶಾಲೆ, ಹೊಸ ಗಾಡಿ, ಮದುವೆ ಮುಂಜಿ. ಓಟವನ್ನು ನೋಡಿ ಹಿಗ್ಗುತ್ತೇವೆ. ಅಡಿಯ ನೀರು ಎತ್ತ ಒಯ್ಯುತ್ತಿದೆ ಎಂದು ಓಡುವವರಿಗೆ ಕಾಣದು. ನಿಂತವರಿಗೆ ಮಾತ್ರ ಕಾಣುತ್ತದೆ.

ಆದ್ದರಿಂದ ಇವತ್ತು ರಾತ್ರಿ ಊಟವಾದ ಮೇಲೆ ಕೈ ತೊಳೆದು ಎದ್ದು ಹೋಗಬೇಡಿ. ಮೊಬೈಲನ್ನು ದೇವರ ಕೋಣೆಯಲ್ಲೋ ಅಕ್ಕಿ ಡಬ್ಬದಲ್ಲೋ ಇಡಿ. ಕೂತಿರಿ. ಅದೇ ಲಂಗರು. ಹೆಂಡತಿಯನ್ನು ಕೇಳಿ, ಸೊಸೆಯನ್ನು ಕೇಳಿ, ಹೌದು ಅತ್ತೆಯಂದಿರೇ, ನಿಮಗೂ ಹೇಳುತ್ತಿದ್ದೇನೆ: "ನೀನು ಮೊದಲು ಕೇಳುತ್ತಿದ್ದೆಯಲ್ಲ, ಈಗ ಯಾಕೆ ಕೇಳುವುದಿಲ್ಲ?" ಉತ್ತರ ಸಿಹಿಯಾಗಿರಲಿಕ್ಕಿಲ್ಲ. ದನಿ ಏರಬಹುದು. ಏರಲಿ. ಕೋಪ ಬಿಡಿ ಎಂದು ಇಷ್ಟು ದಿನ ಹೇಳಿದವಳೇ ಇದನ್ನೂ ಹೇಳುತ್ತಿದ್ದೇನೆ.

ಇನ್ನು ತಾಯಂದಿರೇ, ನಿಮಗೂ ಒಂದು ಮಾತು. ಕಾಯಿ ತೇಲಿಬಿಟ್ಟು, ಅವರಿಗೇ ತಿಳಿಯಲಿ ಎಂದು ಕಾಯಬೇಡಿ. ಎಲ್ಲರ ಹಡಗೂ ದಾರಿ ತಪ್ಪಿ ನಿಮ್ಮ ತವರಿಗೆ ಹೋಗುವುದಿಲ್ಲ. ಬಾಯಲ್ಲಿ ಉಳಿದ ಅರ್ಧ ಮಾತನ್ನು ಆಡಿಬಿಡಿ.

ಬಾಗಿಲ ಬಳಿ ಪ್ರಸಾದಕ್ಕೆ ಕಾಯಿಚೂರು ಕೊಡುತ್ತಾರೆ. ಅಲ್ಲೇ ತಿಂದು ಮುಗಿಸಬೇಡಿ, ಮನೆಗೆ ಒಯ್ಯಿರಿ. ಯಾರ ಹೆಸರನ್ನು ಕರೆದು ಬಹಳ ಕಾಲವಾಯಿತೋ ಅವರನ್ನು ಹೆಸರು ಹಿಡಿದು ಕರೆಯಿರಿ. ಕೈಯಲ್ಲಿ ಆ ಚೂರು ಇಡಿ. ಇಟ್ಟು ಬೆನ್ನು ತಿರುಗಿಸಬೇಡಿ. ಸ್ವಲ್ಪ ಹೊತ್ತು ನಿಂತು ನೋಡಿ.